ಒಂದು ದಿನ ಹಿಂದೆ ಸರಿದ ಜನ್ಮದಿನ

ಬೈರಸಂದ್ರ, ತಾವರೆಕೆರೆ, ಮಡಿವಾಳ—ಈ ಮೂರು ಊರುಗಳ ಹೆಸರಿನ ಇಂಗ್ಲಿಷ್ ಮೊದಲಕ್ಷರಗಳು ಕೂಡಿ ಬೆಂಗಳೂರಿನ ಬಿಟಿಎಂ ಲೇಔಟ್ ಆಯಿತು. ಮೂರು ಊರು ಸೇರಿ ಒಂದು ಬಡಾವಣೆಯಾದಂತೆಯೇ ಮೂರು ತಲೆಮಾರು ಸೇರಿ ಒಂದು ಸಂಸಾರವಾಗಿರುವ ಮನೆಗಳೂ ಅಲ್ಲಿ ಉಂಟು. ಅಂಥದೊಂದು ಮನೆಯನ್ನು ವಾಚಕರು ಮನಸ್ಸಿಗೆ ತಂದುಕೊಳ್ಳಲಿ. ತಾತ ಕೇಂದ್ರ ಸರಕಾರದ ನೌಕರಿಯಿಂದ ನಿವೃತ್ತರು; ಎಂಬತ್ತು ದಾಟಿದವರು. ಮೊಮ್ಮಗಳು ಕಂಪ್ಯೂಟರಿಗೆ ತಂತ್ರಾಂಶ ಬರೆಯುವವಳು. ಒಂದು ಬೆಳಗ್ಗೆ ತಾತ ಕಾಫಿಯ ಲೋಟವನ್ನು ಪಕ್ಕಕ್ಕಿಟ್ಟು, ಕೈಯಲ್ಲಿದ್ದ ಮುದ್ರಿತ ಕಾಗದವನ್ನು ಕನ್ನಡಕದ ಹತ್ತಿರಕ್ಕೂ ದೂರಕ್ಕೂ ಹಿಡಿದು ನೋಡಿದರು.

“ಜೂನ್ ಒಂದು ಅಂತ ಬರೆದೂ ಬರೆದೂ ಕೈ ಸವೆದಿದೆ. ಇವರು ನನ್ನನ್ನು ಮೇ ಮೂವತ್ತೊಂದಕ್ಕೇ ಹುಟ್ಟಿಸಿಬಿಟ್ಟಿದ್ದಾರಲ್ಲಮ್ಮ!”

“ಒಂದು ದಿನ ತಾನೇ ತಾತ, ತಿದ್ದಿಸಿದರಾಯಿತು.”

“ಒಂದು ದಿನವಲ್ಲ ಮಗು, ಒಂದು ತಿಂಗಳು.”

ತಾತನ ಮಾತು ಸುಳ್ಳಲ್ಲ. ಕೇಂದ್ರ ಸರಕಾರದ ನಿವೃತ್ತರಿಗೆ ಎಂಬತ್ತು ತುಂಬಿದಾಗ ದೊರೆಯುವ ಹೆಚ್ಚುವರಿ ಪಿಂಚಣಿ, ಎಂಬತ್ತು ತುಂಬುವ ತಿಂಗಳಿನ ಮೊದಲನೆಯ ತಾರೀಖಿನಿಂದ ಲೆಕ್ಕಕ್ಕೆ ಬರುತ್ತದೆ. 1943ರ ಜೂನ್ 1 ಎಂಬುದು ಮೇ 31 ಆಯಿತೆಂದರೆ ತಿಂಗಳೇ ಬದಲಾಯಿತು. ಹೆಚ್ಚಾಗಿ ಬಂದದ್ದನ್ನು ಮುಂದೆ ಹಿಂದಕ್ಕೆ ಕೇಳುವವರು ಇದ್ದೇ ಇರುತ್ತಾರೆ. ಒಂದು ಕಾಗದ ಇನ್ನೊಂದಕ್ಕೆ ಹೊಂದುವುದಿಲ್ಲವೆಂದು ಅಲೆಸುವವರೂ ಇರುತ್ತಾರೆ. ಈ ಮನೆ ಊಹೆಯದು. ತಪ್ಪು ಮಾತ್ರ ಊಹೆಯದಲ್ಲ. ಯಾರೂ ಕೈತಪ್ಪಿ ಬರೆಯದೆ, ಯಾರೂ ಮೋಸ ಮಾಡದೆ, ಎರಡು ಸರಿಯಾದ ಲೆಕ್ಕಗಳು ಕೂಡಿ ಒಂದು ತಪ್ಪನ್ನು ಹೆರುವ ಬಗೆ ಇದು.

ಏಕಾದಶಿ ಎಂದು ಬರುತ್ತದೆಂದು ತಿಳಿಯಲು ಮನೆಯೊಡತಿಯು ಸೂರ್ಯಚಂದ್ರರ ಗತಿಯನ್ನು ಗುಣಿಸುತ್ತ ಕೂಡುವುದಿಲ್ಲ. ಗೋಡೆಯ ಮೊಳೆಯಿಂದ ಒಂಟಿಕೊಪ್ಪಲ್ ಪಂಚಾಂಗವನ್ನು ತೆಗೆದು ನೋಡುತ್ತಾಳೆ. ತಂತ್ರಾಂಶ ಬರೆಯುವವರದೂ ಇದೇ ರೀತಿ. ತಾರೀಖಿನ ಲೆಕ್ಕವನ್ನು ಮತ್ತೊಬ್ಬರು ಮೊದಲೇ ಬರೆದು ಜೋಡಿಸಿಟ್ಟಿರುತ್ತಾರೆ. ಅಂಥ ಸಿದ್ಧ ಕ್ರಮಗಳ ಭಂಡಾರಕ್ಕೆ ‘ಲೈಬ್ರರಿ’ ಎಂದು ಹೆಸರು. ವಿಂಡೋಸ್ ವ್ಯವಸ್ಥೆಯಲ್ಲಿ ‘ಕರ್ನೆಲ್32’ ಎಂಬ ಭಂಡಾರವುಂಟು. ಎಣಿಕೆಯನ್ನು ತಾರೀಖಾಗಿ, ತಾರೀಖನ್ನು ಎಣಿಕೆಯಾಗಿ, ಲೋಕದ ವೇಳೆಯನ್ನು ಊರಿನ ವೇಳೆಯಾಗಿ ತಿರುಗಿಸುವ ಕ್ರಮಗಳು ಅದರಲ್ಲಿ ದೊರೆಯುತ್ತವೆ.

ಎಣಿಕೆ ಎಂದರೇನು? ಯಂತ್ರಕ್ಕೆ ಸೋಮವಾರವೂ ಇಲ್ಲ, ಶ್ರಾವಣವೂ ಇಲ್ಲ. ಒಂದು ದೊಡ್ಡ ಸಂಖ್ಯೆ ಮಾತ್ರ ಉಂಟು. ವಿಂಡೋಸ್ 1601ರ ಜನವರಿ 1ರಿಂದ ಎಣಿಸುತ್ತದೆ. ಒಂದು ಸೆಕೆಂಡನ್ನು ಒಂದು ಕೋಟಿ ಪಾಲು ಮಾಡಿ, ಆ ದಿನದಿಂದ ಎಷ್ಟು ಪಾಲು ಕಳೆಯಿತೆಂದು ಬರೆದಿಡುತ್ತದೆ. ಈ ಬರಹಕ್ಕೆ ‘ಫೈಲ್‌ಟೈಮ್’ ಎಂದು ಹೆಸರು. 1601 ಏಕೆಂದರೆ, ಗ್ರೆಗೋರಿಯನ್ ಪಂಚಾಂಗದ ಅಧಿಕವರ್ಷಗಳ ಕ್ರಮ ನಾನೂರು ವರ್ಷಗಳಿಗೊಮ್ಮೆ, ಅಂದರೆ 1,46,097 ದಿನಗಳಿಗೊಮ್ಮೆ, ಒಂದು ಸುತ್ತು ಮುಗಿಸುತ್ತದೆ. ವಿಂಡೋಸ್ ಎನ್‌ಟಿ ರೂಪುಗೊಂಡ ಕಾಲಕ್ಕೆ ನಡೆಯುತ್ತಿದ್ದ ಸುತ್ತು 1601ರಲ್ಲಿ ಮೊದಲಾಗಿತ್ತು. ಯುನಿಕ್ಸ್ ಎಂಬ ಇನ್ನೊಂದು ಪರಂಪರೆಯವರು 1970ರ ಜನವರಿ 1ರಿಂದ ಸೆಕೆಂಡುಗಳನ್ನು ಎಣಿಸುತ್ತಾರೆ. ಎರಡು ಆರಂಭಗಳ ನಡುವಿನ ಅಂತರ 1,34,774 ದಿನ. ಸೆಕೆಂಡುಗಳಲ್ಲಿ ಹೇಳುವುದಾದರೆ 1164 ಕೋಟಿ 44 ಲಕ್ಷ 73 ಸಾವಿರದ 600. ಇದನ್ನು ಕೂಡಿಸುವುದು, ಕಳೆಯುವುದು, ಇಷ್ಟೇ ಕೆಲಸ.

ಇದು ಹೊಸ ವಿದ್ಯೆಯೆಂದು ಬೆರಗಾಗಬೇಕಾಗಿಲ್ಲ. ಐಹೊಳೆಯ ಮೇಗುಟಿ ಗುಡಿಯ ಗೋಡೆಯಲ್ಲಿ ಇಮ್ಮಡಿ ಪುಲಕೇಶಿಯ ಕಾಲದ ಕವಿ ರವಿಕೀರ್ತಿಯ ಶಾಸನವಿದೆ. ಭಾರತಯುದ್ಧ ಕಳೆದು 3735 ವರ್ಷ, ಶಕರಾಜರ ಕಾಲ 556 ಎಂದು ಅದು ತನ್ನ ಕಾಲವನ್ನು ಎರಡು ಬಗೆಯಾಗಿ ಹೇಳುತ್ತದೆ. ಕ್ರಿಸ್ತಶಕದ ಲೆಕ್ಕಕ್ಕೆ ಅದು 634. ಎರಡು ಅಂಕೆಗಳ ಅಂತರವಾದ 3179 ಕಲಿಗೂ ಶಕಕ್ಕೂ ನಡುವಿನ ಸೇತುವೆ. ಇಂದಿನ ಪಂಚಾಂಗಕಾರರು ದಾಟುವುದೂ ಅದೇ ಸೇತುವೆಯನ್ನು. ಸಾವಿರದ ಮುನ್ನೂರು ವರ್ಷಗಳಿಗೆ ಮಿಕ್ಕಿ ಕಳೆದರೂ ಆ ಕಾಲದ ಬಗ್ಗೆ ಓದುವವರಿಗೆ ಗೊಂದಲವಾಗದಿರಲು ಕಾರಣ ಒಂದೇ: ಎಲ್ಲಿಂದ ಎಣಿಸಿದೆನೆಂಬುದನ್ನು ಕವಿ ಮುಚ್ಚಿಡಲಿಲ್ಲ.

ಹಾಗಾದರೆ ತಾತನ ತಾರೀಖು ಜಾರಿದ್ದು ಎಲ್ಲಿ? ವರ್ಷಗಳ ಎಣಿಕೆಯಲ್ಲಿ ಅಲ್ಲ, ಊರಿನ ವೇಳೆಯಲ್ಲಿ. ಯಂತ್ರಗಳು ಒಳಗೆ ಯುಟಿಸಿ ಎಂಬ ಲೋಕದ ವೇಳೆಯನ್ನು ಇಟ್ಟುಕೊಂಡು, ತೋರಿಸುವಾಗ ಊರಿನ ವೇಳೆಗೆ ತಿರುಗಿಸುತ್ತವೆ. ಭಾರತಕ್ಕೆ ಐದೂವರೆ ಗಂಟೆ ಕೂಡಿಸಬೇಕು. ವಿಂಡೋಸಿನ ಪಟ್ಟಿಯಲ್ಲಿ ಈ ವೇಳೆಯ ಮುಂದೆ ಚೆನ್ನೈ, ಕೋಲ್ಕತ್ತ, ಮುಂಬಯಿ, ಹೊಸದಿಲ್ಲಿಗಳ ಹೆಸರಿವೆ. ಇಷ್ಟು ತಂತ್ರಾಂಶ ಬರೆಯುವ ಬೆಂಗಳೂರಿಗೆ ಅಲ್ಲಿ ಸ್ಥಾನವಿಲ್ಲವೆಂಬುದು ಬೇರೆ ಮಾತು.

ಆದರೆ ಐದೂವರೆ ಗಂಟೆ ಎಂಬುದು ಎಂದೆಂದಿಗೂ ನಿಂತ ಸತ್ಯವಲ್ಲ. ಎರಡನೆಯ ಮಹಾಯುದ್ಧದಲ್ಲಿ, 1942ರ ಸೆಪ್ಟೆಂಬರ್ 1ರಿಂದ 1945ರ ಅಕ್ಟೋಬರ್ 15ರವರೆಗೆ, ಭಾರತದ ಪ್ರಮಾಣಕಾಲವನ್ನು ಒಂದು ಗಂಟೆ ಮುಂದೂಡಲಾಗಿತ್ತು. ಆಗ ಅಂತರ ಆರೂವರೆ ಗಂಟೆ. ಜಗತ್ತಿನ ಊರುಗಳ ವೇಳೆಯ ಚರಿತ್ರೆಯನ್ನು ಕಾಪಾಡುವ ಒಂದು ಸಾರ್ವಜನಿಕ ಕೋಷ್ಟಕವುಂಟು. ಅದರಲ್ಲಿ ‘ಏಷ್ಯಾ/ಕೋಲ್ಕತ್ತ’ ಎಂಬ ಹೆಸರಿನಡಿ ಈ ಯುದ್ಧಕಾಲದ ಗಂಟೆಯೂ ದಾಖಲಾಗಿದೆ. ಜಾವಾದಂಥ ಕೆಲವು ಭಾಷೆಗಳ ಲೈಬ್ರರಿಗಳು ವಿಂಡೋಸಿನ ಮೇಲೆ ನಡೆಯುವಾಗಲೂ ಆ ಕೋಷ್ಟಕವನ್ನೇ ಬಳಸುತ್ತವೆ. ವಿಂಡೋಸಿನ ಸ್ವಂತ ಪಟ್ಟಿಯಲ್ಲಿ ಭಾರತಕ್ಕೆ ಐದೂವರೆ ಗಂಟೆ ಒಂದೇ. ಹಳೆಯ ಯುದ್ಧದ ನೆನಪು ಅದಕ್ಕಿಲ್ಲ. ಒಂದು ಪಂಚಾಂಗದವರಿಗೆ ಇಂದು ಏಕಾದಶಿ, ಇನ್ನೊಂದರವರಿಗೆ ನಾಳೆ ಎನ್ನುವಂತಾಯಿತು.

ಈಗ ತಾತನ ತಾರೀಖನ್ನು ಹಿಂಬಾಲಿಸಬಹುದು. ಗುಮಾಸ್ತರು ಕಡತ ನೋಡಿ 1943ರ ಜೂನ್ 1 ಎಂದು ಸರಿಯಾಗಿಯೇ ತುಂಬಿದರು. ತಂತ್ರಾಂಶಕ್ಕೆ ತಾರೀಖು ಸಾಲದು, ಗಂಟೆಯೂ ಬೇಕು. ಯಾರೂ ಹೇಳದಿದ್ದರೆ ನಡುರಾತ್ರಿ ಸೊನ್ನೆ ಗಂಟೆ ಎಂದು ತಾನೇ ಬರೆದುಕೊಳ್ಳುತ್ತದೆ. ಚರಿತ್ರೆ ಬಲ್ಲ ಲೈಬ್ರರಿ ಅದರಿಂದ ಆರೂವರೆ ಗಂಟೆ ಕಳೆದು, ಲೋಕದ ವೇಳೆಯಲ್ಲಿ ಮೇ 31ರ ಸಂಜೆ ಐದೂವರೆ ಎಂದು ಜೋಪಾನ ಮಾಡಿತು. ಅದೂ ಸರಿಯೇ. ವರ್ಷಗಳ ಮೇಲೆ ಇನ್ನೊಂದು ತಂತ್ರಾಂಶ ಅದನ್ನು ತೆಗೆದು, ವಿಂಡೋಸಿನ ಪಟ್ಟಿಯಂತೆ ಐದೂವರೆ ಗಂಟೆ ಕೂಡಿಸಿತು: ಮೇ 31, ರಾತ್ರಿ ಹನ್ನೊಂದು. ಕಾಗದದ ಮೇಲೆ ಗಂಟೆಗೆ ಜಾಗವಿಲ್ಲ. ತಾರೀಖು ಮಾತ್ರ ಅಚ್ಚಾಯಿತು. ಕೊಟ್ಟದ್ದು ಆರೂವರೆ, ಪಡೆದದ್ದು ಐದೂವರೆ. ನಡುವೆ ಕಳೆದುಹೋದ ಒಂದು ಗಂಟೆ ಇಡೀ ದಿನವನ್ನು ನುಂಗಿತು.

ಕಡಲಾಚೆ ಮಕ್ಕಳಿರುವ ಮನೆಗಳಿಗೂ ಇದರ ನಂಟು ಉಂಟು. ಅಮೆರಿಕದ ಬಹುಭಾಗದಲ್ಲಿ ಬೇಸಗೆಗೊಂದು ವೇಳೆ, ಚಳಿಗಾಲಕ್ಕೊಂದು ವೇಳೆ. ವಿಂಡೋಸಿನಲ್ಲಿ ‘ಫೈಲ್‌ಟೈಮ್‌ಟುಲೋಕಲ್‌ಫೈಲ್‌ಟೈಮ್’ ಎಂಬ ಹಳೆಯ ಕ್ರಮವೊಂದಿದೆ. ಅದು ಕೇಳಿದ ದಿನದ ನಿಯಮವನ್ನು ನೋಡುತ್ತದೆಯೇ ಹೊರತು ಕಡತದ ದಿನದ ನಿಯಮವನ್ನಲ್ಲ. ಅದನ್ನೇ ನಂಬಿದ ತಂತ್ರಾಂಶದಲ್ಲಿ, ಷಿಕಾಗೋದ ಮಗ ಜನವರಿಯಲ್ಲಿ ತೆಗೆದ ಚಿತ್ರದ ವೇಳೆ ಜುಲೈಯಲ್ಲಿ ನೋಡಿದಾಗ ಒಂದು ಗಂಟೆ ಮುಂದಾಗಿ ಕಾಣುತ್ತದೆ. ಆಯಾ ದಿನದ ನಿಯಮವನ್ನು ಅನುಸರಿಸುವ ಬೇರೆ ಕ್ರಮಗಳು ಅದೇ ಭಂಡಾರದಲ್ಲಿವೆ. ಆದರೆ ವರ್ಷವಿಡೀ ಒಂದೇ ವೇಳೆಯ ಬೆಂಗಳೂರಿನಲ್ಲಿ ಕೂತು ಪರೀಕ್ಷಿಸಿದವರಿಗೆ ಈ ದೋಷ ಕಣ್ಣಿಗೆ ಬೀಳುವುದೇ ಇಲ್ಲ.

ಪರಿಹಾರ ಕಷ್ಟದ್ದಲ್ಲ. ದೂರವಾಣಿ ಕರೆ, ಹಣದ ಪಾವತಿ, ರೈಲಿನ ಹೊರಡುವ ವೇಳೆ—ಇವು ಕ್ಷಣಗಳು. ಇವನ್ನು ಲೋಕದ ವೇಳೆಯಲ್ಲಿ ಇಟ್ಟು, ಹೋಗುವಾಗಲೂ ಬರುವಾಗಲೂ ಒಂದೇ ಕೋಷ್ಟಕದಿಂದ ತಿರುಗಿಸಬೇಕು. ಹುಟ್ಟಿದ ದಿನ, ಮದುವೆಯ ದಿನ, ನಿವೃತ್ತಿಯ ದಿನ ಕ್ಷಣಗಳಲ್ಲ, ದಿನಗಳು. ಅವನ್ನು ವರ್ಷ, ತಿಂಗಳು, ತಾರೀಖು ಎಂಬ ಮೂರು ಅಂಕೆಗಳಾಗಿಯೇ ಇಡಬೇಕು. ಅವಕ್ಕೆ ಗಂಟೆಯನ್ನು ಅಂಟಿಸಬಾರದು. ಯಾವ ಊರಿನ ವೇಳೆಗೂ ತಿರುಗಿಸಬಾರದು. ಇದಕ್ಕೆಂದೇ ‘ಡೇಟ್‌ಓನ್ಲಿ’ ಎಂಬ ಬಗೆಯನ್ನು ಮೈಕ್ರೋಸಾಫ್ಟ್ 2021ರಲ್ಲಿ ಹೊರಬಂದ ಡಾಟ್‌ನೆಟ್ 6ರಲ್ಲಿ ಸೇರಿಸಿತು. ಅದಕ್ಕಿಂತ ಮೊದಲು ಬರೆದ ತಂತ್ರಾಂಶಗಳನ್ನು ಹುಡುಕಿ ತಿದ್ದುವ ಕೆಲಸ ಮನುಷ್ಯರದೇ.

ಸಂಜೆ ಮೊಮ್ಮಗಳು ಇಷ್ಟನ್ನೂ ಒಂದು ಹಾಳೆಯಲ್ಲಿ ಬರೆದು ತೋರಿಸಿದಳು. ತಿದ್ದುಪಡಿಯ ಅರ್ಜಿಯೂ ಸಿದ್ಧವಾಗಿತ್ತು. ತಾತ ಸಹಿ ಹಾಕುವ ಮೊದಲು ಸ್ವಲ್ಪ ಹೊತ್ತು ಸುಮ್ಮನಿದ್ದರು.

“ಒಂದು ಮಾತು ಹೇಳುತ್ತೇನೆ, ನಗಬೇಡ. ನಮ್ಮಮ್ಮ ಹೇಳುತ್ತಿದ್ದದ್ದು, ಸ್ವಭಾನು ಸಂವತ್ಸರ, ಕಾರಹುಣ್ಣಿಮೆಯ ಮರುದಿನ ಅಂತ. ಪಂಚಾಂಗ ನೋಡಿದರೆ ಅದು ಜೂನ್ ಮೂರನೆಯ ವಾರ. ಶಾಲೆಗೆ ಸೇರಿಸುವಾಗ ಮೇಷ್ಟರು ಎಲ್ಲ ಹುಡುಗರಿಗೂ ಬರೆದ ಹಾಗೆ ಜೂನ್ ಒಂದು ಅಂತ ಬರೆದರು.”

“ಹಾಗಾದರೆ ಜೂನ್ ಒಂದೂ ತಪ್ಪೇ, ತಾತ?”

“ತಪ್ಪಲ್ಲ, ಅದು ಮೇಷ್ಟರ ಮಾತು. ಆ ಮಾತಿನ ಮೇಲೆ ಓದಿದೆ, ನೌಕರಿ ಮಾಡಿದೆ, ನಿವೃತ್ತನಾದೆ. ಅವರು ಗಂಟೆ ಬರೆಯಲಿಲ್ಲವಮ್ಮ, ತಾರೀಖು ಮಾತ್ರ ಬರೆದರು. ನಿನ್ನ ಯಂತ್ರವೂ ಅಷ್ಟಕ್ಕೇ ನಿಲ್ಲಿಸಿದ್ದರೆ ಸಾಕಾಗಿತ್ತು.”

ತಾತ ಸಹಿ ಮಾಡಿ, ಅದರ ಕೆಳಗೆ ಅಂದಿನ ತಾರೀಖನ್ನು ಹಾಕಿದರು. ಗಂಟೆಯನ್ನು ಬರೆಯಲಿಲ್ಲ.