ಇಸ್ಪೀಟೆಲೆಯ ಹಿಂದೆ ನಮ್ಮದೇ ಮಾಹಿತಿ

ರಂಗದ ಮೇಲೆ ಜಾದೂ ಮಾಡುವವರ ತಂಡವೊಂದು ಕಳ್ಳತನಕ್ಕಿಳಿಯುವ ‘ನೌ ಯು ಸೀ ಮಿ’ ಸರಣಿಯ ಮೂರನೇ ಸಿನಿಮಾ 2025ರ ನವೆಂಬರ್‌ನಲ್ಲಿ ತೆರೆಕಂಡಿತು. ಆ ನೆಪದಲ್ಲಿ 2016ರ ಎರಡನೇ ಭಾಗವನ್ನು ಮತ್ತೆ ನೋಡಿದೆ. ಮೊದಲ ಭಾಗದಲ್ಲಿ ತಂಡ ದೋಚಿದ್ದು ಬ್ಯಾಂಕಿನ ಹಣವನ್ನು. ಎರಡನೆಯದರಲ್ಲಿ ಕದಿಯಬೇಕಾದದ್ದು ಒಂದು ಪುಟ್ಟ ಚಿಪ್, ಯಾವ ಕಂಪ್ಯೂಟರಿನ ಬೀಗವನ್ನಾದರೂ ತೆರೆಯುವಂಥದ್ದು. ಮೂರೇ ವರ್ಷಗಳಲ್ಲಿ ತಿಜೋರಿಯ ಜಾಗಕ್ಕೆ ಮಾಹಿತಿ ಬಂದು ಕೂತಿತ್ತು.

ಮಕಾವ್‌ನಲ್ಲಿ ಕಾವಲುಗಾರರು ಒಬ್ಬೊಬ್ಬರನ್ನೇ ತಡಕುತ್ತಿರುವಾಗ, ಇಸ್ಪೀಟೆಲೆಗೆ ಅಂಟಿಸಿದ ಆ ಚಿಪ್ಪನ್ನು ನಾಲ್ವರೂ ಕೈಯಿಂದ ಕೈಗೆ ದಾಟಿಸುವ ದೃಶ್ಯವೊಂದಿದೆ. ತೋಳಿನೊಳಗೆ, ಬೆನ್ನ ಹಿಂದೆ. ಅಂಗೈ ಮಗುಚಿದರೆ ಏನೂ ಇಲ್ಲ. ಉಳಿದ ಕಥೆ ಅಲ್ಲಲ್ಲಿ ಎಳೆದಂತಿದ್ದರೂ ಇದನ್ನು ಮಾತ್ರ ಎಷ್ಟು ಸಲ ನೋಡಿದರೂ ಬೇಸರವಿಲ್ಲ. ಕಾವಲುಗಾರ ಎಲ್ಲಿ ನೋಡುತ್ತಾನೋ ಅಲ್ಲಿ ಎಲೆ ಇರುವುದಿಲ್ಲ, ಅಷ್ಟೇ ಗುಟ್ಟು.

ಆದರೆ ನನ್ನ ತಲೆಯಲ್ಲಿ ಉಳಿದದ್ದು ಚಿತ್ರದ ‘ಆಕ್ಟಾ’ ಎಂಬ ಕಲ್ಪಿತ ಕಂಪನಿ. ಅದರ ಹೊಸ ಫೋನಿನ ಬಿಡುಗಡೆ ಸಮಾರಂಭಕ್ಕೆ ನುಗ್ಗುವ ಜಾದೂಗಾರರು, ಬಳಕೆದಾರರ ಖಾಸಗಿ ಮಾಹಿತಿ ಗುಟ್ಟಾಗಿ ಮಾರಾಟವಾಗಲಿದೆ ಎಂದು ಬಯಲು ಮಾಡಲು ಹೊರಡುತ್ತಾರೆ. ಎರಡೇ ವರ್ಷಕ್ಕೆ, 2018ರಲ್ಲಿ, ಕೇಂಬ್ರಿಜ್ ಅನಲಿಟಿಕಾ ಹಗರಣ ಹೊರಬಿತ್ತು. 8.7 ಕೋಟಿಯಷ್ಟು ಜನರ ಮಾಹಿತಿ ಹೋಗಿರಬಹುದೆಂದು ಫೇಸ್‌ಬುಕ್ಕೇ ಹೇಳಿತು. ಅಲ್ಲಿ ಯಾರೂ ಬೀಗ ಒಡೆದಿರಲಿಲ್ಲ. ‘ನಿಮ್ಮ ವ್ಯಕ್ತಿತ್ವ ಎಂಥದ್ದು’ ಎಂಬ ಬಗೆಯ ಪ್ರಶ್ನಾವಳಿಗೆ ಕೆಲವರು ಉತ್ತರಿಸಿದರು, ಅವರ ಸ್ನೇಹಿತರ ವಿವರವೂ ಜೊತೆಗೇ ಹೋಯಿತು. ಎಲ್ಲರ ಕಣ್ಣೂ ಪ್ರಶ್ನೆಗಳ ಮೇಲಿತ್ತು.

ಕೆಲಸ ಹುಡುಕುವ ನಮಗೆ ಆ ಪ್ರಶ್ನಾವಳಿಯ ಜಾಗದಲ್ಲಿರುವುದು ‘ಉದ್ಯೋಗಾವಕಾಶ’ ಎಂಬ ಪದ. ಒಂದು ಜಾಲತಾಣಕ್ಕೆ ನಾನು ರೆಸ್ಯೂಮೆ ಹಾಕಿದ ಮೂರನೇ ದಿನ ಕರೆ ಬಂತು: ‘ಆಯ್ಕೆಯಾಗಿದ್ದೀರಿ, ನೋಂದಣಿ ಶುಲ್ಕ ಕಟ್ಟಿ.’ ನನ್ನ ಡಿಗ್ರಿ, ಪಾಸಾದ ವರ್ಷ, ಅಪ್ಪನ ಹೆಸರು ಎಲ್ಲವೂ ಆ ಕಡೆಯವನಿಗೆ ಗೊತ್ತಿತ್ತು. ಹಣ ಕೊಡಲಿಲ್ಲ. ವಿವರ ಮಾತ್ರ ವಾಪಸ್ ಬರುವಂಥದ್ದಲ್ಲ.

ಕಾನೂನು ಇಲ್ಲವೇ? ಇದೆ. ಖಾಸಗಿತನ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟ್ 2017ರಲ್ಲಿ ತೀರ್ಪು ಕೊಟ್ಟಿತು. ಅರ್ಜಿದಾರರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ (ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರಿಗೆ ಈ ಹೆಸರು ಬಾಯಿಪಾಠ). 2023ರಲ್ಲಿ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ ಬಂತು, ಅದರ ನಿಯಮಗಳು 2025ರ ನವೆಂಬರ್‌ನಲ್ಲಿ. ಮಾಹಿತಿಯನ್ನು ಜೋಪಾನ ಮಾಡದ ಕಂಪನಿಗೆ 250 ಕೋಟಿ ರೂಪಾಯಿವರೆಗೆ ದಂಡ ಹಾಕಬಹುದು. ಕೇಳಲು ಚೆನ್ನಾಗಿದೆ. ಆದರೆ ಆ ದಂಡ ಸೇರುವುದು ಭಾರತದ ಸಂಚಿತ ನಿಧಿಗೆ. ಮಾಹಿತಿ ಕಳೆದುಕೊಂಡವನಿಗೆ ಪರಿಹಾರ ಕೊಡಿಸುವ ಮಾತು ಈ ಕಾಯ್ದೆಯಲ್ಲಿಲ್ಲ. ಸುಳ್ಳು ದೂರು ಕೊಟ್ಟರೆ ಮಾತ್ರ ನಮಗೂ 10,000 ರೂಪಾಯಿವರೆಗೆ ದಂಡವುಂಟು!

ಸಿನಿಮಾದ ಕೊನೆಗೆ ಖಳನನ್ನು ಲಂಡನ್ನಿನಲ್ಲಿ ಎಲ್ಲರೆದುರು ಬೆತ್ತಲು ಮಾಡುತ್ತಾರೆ, ಚಪ್ಪಾಳೆ ಬೀಳುತ್ತದೆ. ನನಗೆ ಕರೆ ಮಾಡಿದವನ ಮುಖ ಯಾರಿಗೂ ಗೊತ್ತಿಲ್ಲ, ರೆಸ್ಯೂಮೆ ಅವನಿಗೆ ತಲುಪಿದ್ದು ಹೇಗೆಂಬುದೂ.

ಕಂಪನಿಗಳ ಮೇಲಿನ ಮುಖ್ಯ ಹೊಣೆಗಳು ಜಾರಿಯಾಗಲು ನಿಯಮಗಳು ಬಂದಂದಿನಿಂದ 18 ತಿಂಗಳ ಗಡುವಿದೆ. ಸದ್ಯಕ್ಕೆ ನನ್ನ ರೆಸ್ಯೂಮೆಯಲ್ಲಿ ಜನ್ಮದಿನಾಂಕ, ಅಪ್ಪನ ಹೆಸರು, ಮನೆಯ ವಿಳಾಸ ಯಾವುದೂ ಇಲ್ಲ. ಊರಿನ ಹೆಸರಷ್ಟೇ ಇದೆ. ಸಂದರ್ಶನಕ್ಕೆ ಕರೆದ ಒಬ್ಬರೂ ಈವರೆಗೆ ಅವು ಯಾಕಿಲ್ಲ ಎಂದು ಕೇಳಿಲ್ಲ.