ಪುಲಿವೆಂದುಲದ ವೈದ್ಯರಿಂದ ನಾವು ಕಲಿಯದ ಪಾಠ

ಕರ್ನಾಟಕ ಸರ್ಕಾರದ ಮಾನ್ಯ ಆರೋಗ್ಯ ಸಚಿವರಿಗೆ,



ನಮ್ಮ ಕಲಬುರಗಿಯ ಮಹಾದೇವಪ್ಪ ರಾಂಪೂರೆ ವೈದ್ಯಕೀಯ ಕಾಲೇಜಿನಲ್ಲಿ ಎಂಬಿಬಿಎಸ್ ಓದಿದ ವೈ.ಎಸ್. ರಾಜಶೇಖರ ರೆಡ್ಡಿಯವರು ಮುಂದೆ ಆಂಧ್ರಪ್ರದೇಶದ ಮುಖ್ಯಮಂತ್ರಿಯಾದರು. ಅವರು ಮಾಡಿದ ಕೆಲಸದಿಂದ ನಮ್ಮ ರಾಜ್ಯ ಬಹಳಷ್ಟು ಪಡೆದಿದೆ. ಅವರಿಂದ ಆಗದೆ ಉಳಿದ ಕೆಲಸದಿಂದ ಮಾತ್ರ ಇನ್ನೂ ಪಾಠ ಕಲಿತಿಲ್ಲ. ಅದನ್ನು ನಿಮ್ಮ ಗಮನಕ್ಕೆ ತರಲೆಂದೇ ಈ ಪತ್ರ.

ಪದವಿಯ ನಂತರ ಅವರು ಜಮ್ಮಲಮಡುಗುವಿನ ಮಿಷನ್ ಆಸ್ಪತ್ರೆಯಲ್ಲಿ ಕೆಲಕಾಲ ವೈದ್ಯರಾಗಿದ್ದರು. 1973ರಲ್ಲಿ ಕಡಪ ಜಿಲ್ಲೆಯ ತಮ್ಮೂರು ಪುಲಿವೆಂದುಲದಲ್ಲಿ ತಂದೆಯ ಹೆಸರಿನಲ್ಲಿ 70 ಹಾಸಿಗೆಗಳ ಧರ್ಮಾಸ್ಪತ್ರೆ ತೆರೆದರು. ಬಡವರಿಂದ ಅಲ್ಪ ಹಣ ಪಡೆದು ನೋಡುವ ಡಾಕ್ಟರು ಎಂಬ ಹೆಸರು ಬಂತು. 1978ರಲ್ಲಿ ಆ ಊರಿನವರೇ ಅವರನ್ನು ವಿಧಾನಸಭೆಗೆ ಆರಿಸಿ ಕಳಿಸಿದರು. 2003ರ ಸುಡುಬೇಸಿಗೆಯಲ್ಲಿ ಚೇವೆಳ್ಳದಿಂದ ಇಚ್ಛಾಪುರದವರೆಗೆ ಸುಮಾರು 1,500 ಕಿಲೋಮೀಟರ್ ಪಾದಯಾತ್ರೆ ಮಾಡಿ, ಮರುವರ್ಷ ಮುಖ್ಯಮಂತ್ರಿಯಾದರು. ರಾಯಲಸೀಮೆಯ ಬಣ ರಾಜಕಾರಣವನ್ನಾಗಲೀ ಅವರ ಆಡಳಿತದ ಮೇಲೆ ಬಂದ ಭ್ರಷ್ಟಾಚಾರದ ಆರೋಪಗಳನ್ನಾಗಲೀ ನಾನು ಮರೆತಿಲ್ಲ. ಆದರೆ ಒಂದು ದೊಡ್ಡ ಕಾಯಿಲೆ ಬಂದರೆ ಬಡ ಸಂಸಾರ ಹೊಲ ಮಾರಿ ಬೀದಿಗೆ ಬೀಳುತ್ತದೆ ಎಂಬುದು ಮಳೆ ಕಾಣದ ಸೀಮೆಯ ಆ ವೈದ್ಯರಿಗೆ ಚೆನ್ನಾಗಿ ಗೊತ್ತಿತ್ತು.

ಚಿಕಿತ್ಸೆಗೆ ಹಣ ಬೇಡಿ ಮುಖ್ಯಮಂತ್ರಿ ಪರಿಹಾರ ನಿಧಿಗೆ ಅರ್ಜಿಗಳು ಬಂದು ಬೀಳುತ್ತಲೇ ಇದ್ದವು. ಅರ್ಜಿ ಹಿಡಿದು ಬಂದವರಿಗಷ್ಟೇ ಸಿಗುತ್ತಿದ್ದ ನೆರವನ್ನು ಅವರು ಬಡವರ ಹಕ್ಕಾಗಿಸಿದರು. 2007ರಲ್ಲಿ ಮಹಬೂಬ್‌ನಗರ, ಅನಂತಪುರ, ಶ್ರೀಕಾಕುಳಂ ಜಿಲ್ಲೆಗಳಲ್ಲಿ ಆರೋಗ್ಯಶ್ರೀ ಶುರುವಾಯಿತು. ಬಡವರಿಗೆ ಕೊಡುತ್ತಿದ್ದ ಬಿಳಿ ಪಡಿತರ ಚೀಟಿಯಿದ್ದ ಕುಟುಂಬಕ್ಕೆ ವರ್ಷಕ್ಕೆ 2 ಲಕ್ಷ ರೂಪಾಯಿವರೆಗೆ ಹೃದಯ, ಕ್ಯಾನ್ಸರ್, ಮೂತ್ರಪಿಂಡದಂಥ ಕಾಯಿಲೆಗಳ ಚಿಕಿತ್ಸೆ ಉಚಿತವಾಯಿತು. 2010ರಲ್ಲಿ ಅದೇ ಮಾದರಿಯ ವಾಜಪೇಯಿ ಆರೋಗ್ಯಶ್ರೀಯನ್ನು ಕರ್ನಾಟಕ ಆರಂಭಿಸಿದ್ದು ನಮ್ಮ ಕಲಬುರಗಿ (ಅಂದಿನ ಗುಲ್ಬರ್ಗಾ) ವಿಭಾಗದಲ್ಲೇ. ಇಂದಿನ ಆಯುಷ್ಮಾನ್ ಭಾರತ್ ಆರೋಗ್ಯ ಕರ್ನಾಟಕ ಯೋಜನೆಯೂ ಅದೇ ದಾರಿಯಲ್ಲಿ ಬಂದದ್ದು. ಇದರಿಂದ ಬದುಕಿದ ಜೀವಗಳಿವೆ. ಅದನ್ನು ಯಾರೂ ಅಲ್ಲಗಳೆಯಲಾರರು.

ಇನ್ನು ಆಗದೆ ಉಳಿದದ್ದು. ಆರೋಗ್ಯಶ್ರೀಯ ಹಣದ ಬಹುಪಾಲು ನಗರಗಳ ಖಾಸಗಿ ಆಸ್ಪತ್ರೆಗಳಿಗೆ ಹೋಯಿತು. ಹೃದಯದ ಶಸ್ತ್ರಚಿಕಿತ್ಸೆಗೆ ಸರ್ಕಾರ ದುಡ್ಡು ಕೊಟ್ಟಿತು. ಆ ಹೃದಯವನ್ನು ಕೆಡಿಸಿದ ಬಿಪಿ, ಶುಗರ್‌ಗೆ ತಿಂಗಳು ತಿಂಗಳು ಬೇಕಾದ ಮಾತ್ರೆ ಆ ಯೋಜನೆಯೊಳಗೆ ಇರಲಿಲ್ಲ. ರಾಜಶೇಖರ ರೆಡ್ಡಿಯವರು ವೈದ್ಯರಾಗಿ ಮಾಡಿದ್ದು ಊರಲ್ಲೇ ಇದ್ದು, ರೋಗ ಬಲಿಯುವ ಮೊದಲೇ ನಾಡಿ ಹಿಡಿಯುವ ಕೆಲಸ. ಮುಖ್ಯಮಂತ್ರಿಯಾಗಿ ಅವರು ಹೆಚ್ಚು ಹಣ ಸುರಿದದ್ದು ರೋಗ ಬಲಿತ ಮೇಲಿನ ಚಿಕಿತ್ಸೆಗೆ. 2009ರ ಸೆಪ್ಟೆಂಬರ್ 2ರಂದು ನಲ್ಲಮಲ ಕಾಡಿನಲ್ಲಿ ಹೆಲಿಕಾಪ್ಟರ್ ಅಪಘಾತದಲ್ಲಿ ಅವರು ತೀರಿಕೊಂಡರು. ಆ ಕೊರತೆಯನ್ನು ತುಂಬುವ ಅವಕಾಶ ಅವರಿಗೆ ಮತ್ತೆ ಸಿಗಲಿಲ್ಲ. ನಿಮಗಿದೆ.

ನಮ್ಮ ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಹಲವು ಚಿಕಿತ್ಸೆಗಳಿಗೆ ರೋಗಿ ಮೊದಲು ಸರ್ಕಾರಿ ಆಸ್ಪತ್ರೆಗೆ ಹೋಗಿ ಶಿಫಾರಸು ಪತ್ರ ತರಬೇಕು. ನಿಯಮ ಸರಿಯಾದದ್ದೇ. ಆದರೆ ತಜ್ಞರಿಲ್ಲದ ತಾಲ್ಲೂಕು ದವಾಖಾನೆ ಬರೀ ರೆಫರ್ ಚೀಟಿ ಬರೆದುಕೊಡುವ ಕಚೇರಿಯಾಗುತ್ತದೆ. ಅರಿವಳಿಕೆ ತಜ್ಞರೇ ಇಲ್ಲದಿದ್ದರೆ ಆಪರೇಷನ್ ಥಿಯೇಟರ್ ಇದ್ದೂ ಸಿಸೇರಿಯನ್ ಆಗದು. ನೋವು ತಿನ್ನುತ್ತಿರುವ ಗರ್ಭಿಣಿಯನ್ನು ಜಿಲ್ಲಾ ಕೇಂದ್ರಕ್ಕೆ ಸಾಗಿಸಬೇಕಾಗುತ್ತದೆ. ಕಲಬುರಗಿಯಲ್ಲಿ ಜಯದೇವ ಹೃದ್ರೋಗ ಆಸ್ಪತ್ರೆ ಇರುವುದು ನಮಗೆ ಹೆಮ್ಮೆ. ಅಲ್ಲಿಗೆ ಹೋಗುವ ಪ್ರಸಂಗವೇ ಬಾರದಂತೆ ಹಳ್ಳಿಯ ರೈತನ ಬಿಪಿ ಹದ್ದುಬಸ್ತಿನಲ್ಲಿಡಬೇಕಾದದ್ದು ಪ್ರಾಥಮಿಕ ಆರೋಗ್ಯ ಕೇಂದ್ರ.

ಆದ್ದರಿಂದ ನಾಲ್ಕು ಬೇಡಿಕೆಗಳು. ಪ್ರತಿ ತಾಲ್ಲೂಕು ಆಸ್ಪತ್ರೆಗೂ ಪ್ರಸೂತಿ, ಅರಿವಳಿಕೆ, ಮಕ್ಕಳ ತಜ್ಞರನ್ನು ಒಟ್ಟಿಗೇ ನೇಮಿಸಿ. ಒಬ್ಬರಿದ್ದು ಇನ್ನೊಬ್ಬರಿಲ್ಲದಿದ್ದರೆ ಪ್ರಯೋಜನವಿಲ್ಲ. ಅವರಿಗೆ ಊರಲ್ಲೇ ವಾಸಯೋಗ್ಯ ವಸತಿ ಕೊಡಿ, ಹಿಂದುಳಿದ ತಾಲ್ಲೂಕುಗಳಲ್ಲಿ ದುಡಿಯುವವರಿಗೆ ಬಡ್ತಿಯಲ್ಲೂ ಸ್ನಾತಕೋತ್ತರ ಸೀಟಿನಲ್ಲೂ ಆದ್ಯತೆ ಸಿಗುವಂತೆ ನೋಡಿಕೊಳ್ಳಿ. ಬಿಪಿ, ಶುಗರ್ ಮಾತ್ರೆ ಯಾವ ಪ್ರಾಥಮಿಕ ಕೇಂದ್ರದಲ್ಲೂ ಒಂದು ದಿನವೂ ಮುಗಿಯಕೂಡದು. ಆರೋಗ್ಯ ಯೋಜನೆಯ ಹಣದಲ್ಲಿ ಸರ್ಕಾರಿ ಆಸ್ಪತ್ರೆಗೆ ಎಷ್ಟು, ಖಾಸಗಿಗೆ ಎಷ್ಟು ಹೋಯಿತು ಎಂಬುದನ್ನು ತಾಲ್ಲೂಕುವಾರು ಲೆಕ್ಕ ಹಾಕಿ ಪ್ರತಿ ವರ್ಷ ಸದನದ ಮುಂದಿಡಿ.

ಹೊಸ ಯೋಜನೆಯ ಉದ್ಘಾಟನೆಗೆ ಸಿಗುವ ಚಪ್ಪಾಳೆ ಖಾಲಿ ಹುದ್ದೆ ತುಂಬಿದ್ದಕ್ಕೆ ಸಿಗುವುದಿಲ್ಲ ಎಂಬುದು ನನಗೂ ಗೊತ್ತು. ಆದರೂ ಮುಂದಿನ ಬಜೆಟ್‌ನಲ್ಲಿ ನೀವು ತಾಲ್ಲೂಕು ಆಸ್ಪತ್ರೆಗಳ ತಜ್ಞ ವೈದ್ಯರಿಗೆ ಮೊದಲ ಸ್ಥಾನ ಕೊಟ್ಟರೆ, ಸಣ್ಣ ಊರಿನ ವೈದ್ಯರೊಬ್ಬರು ಮುಖ್ಯಮಂತ್ರಿಯಾಗಿಯೂ ಪೂರೈಸಲಾಗದ ಕೆಲಸವನ್ನು ಕರ್ನಾಟಕ ಪೂರೈಸಿದಂತಾಗುತ್ತದೆ.

ಇಂತಿ ತಮ್ಮ ವಿಶ್ವಾಸಿ,
ಕಲ್ಯಾಣ ಕರ್ನಾಟಕದ ಒಬ್ಬ ನಾಗರಿಕ