ಮೂಕ ತಾಯಿಗೊಂದು ಬಾಣಂತಿ ಕೋಣೆ

ಬೆಂಗಳೂರಿನ ಜಯನಗರ ಬಡಾವಣೆಗೆ ಅಡಿಗಲ್ಲು ಬಿದ್ದದ್ದು 1948ರಲ್ಲಿ. ಆ ಬಡಾವಣೆಯ ಮೊದಮೊದಲಿನ ಮನೆಗಳಿಗೆ ಮುಂದೆ ಕೈತೋಟ, ಹಿಂದೆ ಬಟ್ಟೆ ಒಗೆಯುವ ಕಲ್ಲು, ಪಕ್ಕದಲ್ಲಿ ಕಾರು ನಿಲ್ಲಿಸುವ ಷೆಡ್ಡು, ಮಹಡಿಗೆ ಹೋಗುವ ಮೆಟ್ಟಿಲ ಕೆಳಗೆ ಸೌದೆ ಒಟ್ಟುವ ಸಂದು ಇರುತ್ತಿದ್ದವು. ಗೇಟಿನ ಮೇಲೆ ‘ನಾಯಿ ಇದೆ, ಎಚ್ಚರಿಕೆ’ ಎಂಬ ಫಲಕವೂ ಬಹುಮಟ್ಟಿಗೆ ಇರುತ್ತಿತ್ತು. ಈಗ ಅಂತಹ ಮನೆಗಳು ಒಂದೊಂದಾಗಿ ಉರುಳಿ ಅವುಗಳ ಜಾಗದಲ್ಲಿ ನಾಲ್ಕಂತಸ್ತಿನ ಕಟ್ಟಡಗಳು ಎದ್ದಿವೆ. ನಾಯಿಯೂ ಯಜಮಾನನೊಡನೆ ಲಿಫ್ಟಿನಲ್ಲಿ ಮೇಲಕ್ಕೆ ಹೋಗಿದೆ. ಇಷ್ಟೆಲ್ಲ ಬದಲಾದರೂ ಎಷ್ಟೋ ಮನೆಗಳಲ್ಲಿ ಒಂದು ರೂಢಿ ಮಾತ್ರ ಬದಲಾಗಿಲ್ಲ. ವರ್ಷವೆಲ್ಲ ಮಂಚದ ಬಳಿ ಮಲಗುತ್ತಿದ್ದ ಹೆಣ್ಣುನಾಯಿ ಗಬ್ಬವಾಗಿ ದಿನ ತುಂಬಿತೆಂದರೆ, ಅದರ ಹಾಸಿಗೆ ಕಾರಿನ ಷೆಡ್ಡಿಗೋ ಮೆಟ್ಟಿಲ ಸಂದಿಗೋ ತಾರಸಿಯ ಮೇಲಿನ ನೀರಿನ ತೊಟ್ಟಿಯ ಮರೆಗೋ ಹೋಗುತ್ತದೆ. ಮನೆಯೊಳಗಿನ ಆಸರೆ ಅದಕ್ಕೆ ಅತ್ಯಂತ ಅಗತ್ಯವಾದ ವಾರದಲ್ಲಿಯೇ ಅದನ್ನು ಮನೆಯ ಹೊರಗೆ ಹಾಕುವ ಈ ಪದ್ಧತಿ ಸರಿಯಾದುದಲ್ಲ.

ಇದಕ್ಕೆ ಕೊಡುವ ಕಾರಣಗಳು ಮೂರು. ಮೊದಲನೆಯದು ಮೈಲಿಗೆ. ಜನನಸೂತಕವೂ ಸೇರಿದಂತೆ ಪಂಚಸೂತಕಗಳನ್ನೇ ಒಪ್ಪದ ಶರಣಪರಂಪರೆಯನ್ನು ಬಲ್ಲ ವಾಚಕರಿಗೆ ಇದರ ವಿಷಯವಾಗಿ ಹೆಚ್ಚು ಹೇಳಬೇಕಾದುದಿಲ್ಲ. ಎರಡನೆಯದು ಗಲೀಜು. ಇದು ನಿಜವಾದ ತೊಂದರೆಯೇ ಹೌದು. ಆದರೆ ಹಳೆಯ ವೃತ್ತಪತ್ರಿಕೆಗಳಿಂದ ನಿವಾರಣೆಯಾಗುವಂಥದು. ಮೂರನೆಯದು ಮಾತ್ರ ಮೇಲುನೋಟಕ್ಕೆ ಬಲವಾಗಿ ಕಾಣುತ್ತದೆ: ‘ಬೀದಿನಾಯಿಗೆ ಯಾರು ಬಾಣಂತನ ಮಾಡುತ್ತಾರೆ? ಅದು ಚರಂಡಿಯ ಬದಿಯಲ್ಲಿ ಈದು ಮರಿಗಳನ್ನು ಸಾಕಿಕೊಳ್ಳುವುದಿಲ್ಲವೇ?’

ಸಾಕಿಕೊಳ್ಳುತ್ತದೆ ಎಂಬುದೇ ತಪ್ಪು ತಿಳಿವಳಿಕೆ. ಕೋಲ್ಕತ್ತದ ಭಾರತೀಯ ವಿಜ್ಞಾನ ಶಿಕ್ಷಣ ಮತ್ತು ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಪಶ್ಚಿಮ ಬಂಗಾಳದಲ್ಲಿ ಬೀದಿನಾಯಿಗಳ 95 ಈತುಗಳನ್ನು, ಅಂದರೆ 364 ಮರಿಗಳನ್ನು, ಗಮನಿಸುತ್ತ ಹೋಗಿ 2016ರಲ್ಲಿ ಅದರ ಫಲವನ್ನು ಪ್ರಕಟಿಸಿದರು. ಪ್ರಾಯಕ್ಕೆ ಬರುವವರೆಗೆ ಉಳಿದ ಮರಿಗಳು ನೂರಕ್ಕೆ 19 ಮಾತ್ರ. ಸತ್ತವುಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವು ಒಂದಲ್ಲ ಒಂದು ರೀತಿಯಲ್ಲಿ ಮನುಷ್ಯನ ಕಾರಣದಿಂದಲೇ ಸತ್ತವು. ಬೀದಿಯ ತಾಯಿನಾಯಿಗಳು ಹೆರಲು ಜನವಸತಿಗೆ ಹತ್ತಿರದ ಸ್ಥಳಗಳನ್ನೇ ಬಯಸುತ್ತವೆಂಬುದನ್ನೂ ಅದೇ ತಂಡ ಕಂಡುಕೊಂಡಿತು. ಯಾರಿಂದ ಅಪಾಯವೋ ಅವರ ಬಾಗಿಲಿಗೇ ತಾಯಿ ಬಂದು ಮಲಗುತ್ತದೆ. ‘ಬೀದಿನಾಯಿ ಹೆರುವುದಿಲ್ಲವೇ’ ಎನ್ನುವವರು ಹೆತ್ತದ್ದನ್ನು ಕಂಡಿದ್ದಾರೆ, ಉಳಿದದ್ದೆಷ್ಟೆಂದು ಎಣಿಸಿ ನೋಡಿಲ್ಲ.

ಕಾಲವೂ ಈ ತಾಯಂದಿರಿಗೆ ಅನುಕೂಲವಾಗಿಲ್ಲ. ಭಾದ್ರಪದ ಮಾಸವು ನಾಯಿಗಳು ಕೂಡುವ ಕಾಲವೆಂದು ಹಳ್ಳಿಗರು ಮೊದಲಿನಿಂದ ಹೇಳುತ್ತಾರೆ. ನಾಯಿಯ ಗರ್ಭಾವಧಿ ಸುಮಾರು 63 ದಿನ. ಮನುಷ್ಯಳಿಗೆ ಒಂಬತ್ತು ತಿಂಗಳಾದರೆ ನಾಯಿಗೆ ಒಂಬತ್ತು ವಾರ. ಈ ಲೆಕ್ಕದಂತೆ ಹೆರಿಗೆ ಬೀಳುವುದು ಕಾರ್ತಿಕ ಮಾರ್ಗಶಿರಗಳಲ್ಲಿ: ಒಂದು ಕಡೆ ದೀಪಾವಳಿಯ ಪಟಾಕಿಯ ಸದ್ದು, ಅದು ಮುಗಿಯುತ್ತಲೇ ಬೆಂಗಳೂರಿನ ಚಳಿ. ಮನೆಯ ನಾಯಿಗಳು ವರ್ಷದ ಯಾವ ತಿಂಗಳಲ್ಲಾದರೂ ಬೆದೆಗೆ ಬರಬಹುದಾದರೂ, ಡಿಸೆಂಬರ್ ಜನವರಿಯ ರಾತ್ರಿಗಳಲ್ಲಿ 15–16 ಡಿಗ್ರಿ ಸೆಲ್ಸಿಯಸ್ಸಿಗೆ ಇಳಿಯುವ ಊರಿನಲ್ಲಿ ಷೆಡ್ಡಿನ ಸಿಮೆಂಟು ನೆಲವು ಹೆರಿಗೆಯ ಸ್ಥಳವಾಗಲಾರದು.

ಹೀಗೇಕೆಂಬುದನ್ನು ವಿವರವಾಗಿ ತಿಳಿಯುವುದು ಒಳ್ಳೆಯದು. ಹುಟ್ಟಿದ ನಾಯಿಮರಿಗೆ ಕಣ್ಣು ಕಾಣದು, ಕಿವಿ ಕೇಳದು. ಇದು ಎಲ್ಲರಿಗೂ ತಿಳಿದ ಸಂಗತಿ. ತನ್ನ ಮೈಯ ಕಾವನ್ನು ಕಾಯ್ದುಕೊಳ್ಳುವ ಶಕ್ತಿಯೂ ಅದಕ್ಕಿಲ್ಲವೆಂಬುದು ಬಹಳ ಮಂದಿಗೆ ತಿಳಿಯದು. ಮೊದಲ ವಾರದಲ್ಲಿ ಚಳಿಗೆ ನಡುಗುವುದೂ ಅದಕ್ಕೆ ಬಾರದು. ದೊಡ್ಡ ನಾಯಿಯ ಮೈ ಸುಮಾರು 101 ಡಿಗ್ರಿ ಫ್ಯಾರನ್‌ಹೀಟ್ ಇದ್ದರೆ ಎಳೆಮರಿಯದು 96–97ರ ಆಸುಪಾಸಿನಲ್ಲಿ ನಿಲ್ಲುತ್ತದೆ. ಅದೂ ತಾಯಿಯ ಒಡಲಿಗೆ ಒತ್ತಿಕೊಂಡಿದ್ದರೆ ಮಾತ್ರ. 94ಕ್ಕಿಂತ ಕೆಳಗೆ ಇಳಿಯಿತೆಂದರೆ ಕರುಳಿನ ಚಲನೆಯೇ ನಿಂತುಹೋಗುತ್ತದೆ. ಆಗ ಮರಿ ಮೊಲೆ ಹಿಡಿಯದು. ತಣ್ಣಗಾದ ಮರಿಯನ್ನು ತಾಯಿಯೂ ಪಕ್ಕಕ್ಕೆ ತಳ್ಳುವುದುಂಟು. ಇದನ್ನು ನೋಡಿ ಮರುಗಿದ ಮನೆಯವರು ಹತ್ತಿಯ ಬತ್ತಿಯಲ್ಲಿ ಹಸುವಿನ ಹಾಲನ್ನು ಅದರ ಬಾಯಿಗೆ ಹಿಂಡುತ್ತಾರೆ. ಜೀರ್ಣವಾಗದ ಹಾಲು ಹೊಟ್ಟೆಯಲ್ಲಿ ಉಳಿದು, ಇಲ್ಲವೆ ಶ್ವಾಸಕೋಶಕ್ಕೆ ಇಳಿದು, ಮರಿ ಸಾಯುತ್ತದೆ. ‘ಹಾಲು ಕುಡಿಸಿದರೂ ಉಳಿಯಲಿಲ್ಲ’ ಎನ್ನುತ್ತಾರೆ. ಮೊದಲು ಬೇಕಾಗಿದ್ದುದು ಹಾಲಲ್ಲ, ಕಾವು. ತಣ್ಣಗಾದ ಮರಿಯನ್ನು ಬಟ್ಟೆಯಲ್ಲಿ ಸುತ್ತಿ ಎದೆಗವುಚಿಕೊಂಡು ಮೆಲ್ಲಗೆ ಬೆಚ್ಚಗೆ ಮಾಡಿ, ಅದು ಚೇತರಿಸಿಕೊಂಡ ಮೇಲೆ ತಾಯಿಯ ಮೊಲೆಗೆ ಹಿಡಿಸತಕ್ಕದ್ದು.

ಕನ್ನಡದ ಮನೆಗಳಿಗೆ ಈ ವಿದ್ಯೆ ಹೊಸದೇನೂ ಅಲ್ಲ. ಹೆತ್ತ ಹೆಣ್ಣನ್ನು ಮೂಲೆಯ ಕೋಣೆಗೆ ಸೇರಿಸಿ, ಕಿಟಕಿಗೆ ಪರದೆ ಇಳಿಬಿಟ್ಟು, ಗಾಳಿ ಸೋಕದಂತೆ ಕಿವಿಗೆ ಬಟ್ಟೆ ಕಟ್ಟಿ, ಬಂದುಹೋಗುವವರನ್ನು ಬಾಗಿಲಲ್ಲಿಯೇ ತಡೆಯುವ ಅಜ್ಜಿಯರು ಮೊನ್ನೆಮೊನ್ನೆಯವರೆಗೆ ಪ್ರತಿ ಮನೆಯಲ್ಲಿದ್ದರು. ಬಾಣಂತಿ ಕೋಣೆಯ ಸೂತ್ರಗಳು ನಾಲ್ಕೇ: ಬೆಚ್ಚಗಿರಬೇಕು, ಮಬ್ಬಾಗಿರಬೇಕು, ಸದ್ದಿರಬಾರದು, ಪರರ ಕೈ ಕೂಸಿಗೆ ತಾಗಬಾರದು. ಪಶುವೈದ್ಯರು ಹೆರುವ ನಾಯಿಗೆ ವಿಧಿಸುವುದೂ ಈ ನಾಲ್ಕನ್ನೇ. ಆದರೆ ಅಜ್ಜಿಯ ಪದ್ಧತಿಯಲ್ಲಿ ನಾಯಿಗೆ ಸಲ್ಲದವೂ ಕೆಲವುಂಟು. ಸಾಂಬ್ರಾಣಿಯ ಹೊಗೆ ಕೂಡದು, ಕೆಂಡದ ಅಗ್ಗಿಷ್ಟಿಕೆ ಕೂಡದು, ಮರಿಗಳಿಗೆ ಸ್ನಾನವಂತೂ ಕೂಡಲೇ ಕೂಡದು. ಫಿನಾಯಿಲ್ ಹಾಕಿ ನೆಲ ಸಾರಿಸುವ ಅಭ್ಯಾಸವನ್ನು ಆ ಕೋಣೆಯ ಮಟ್ಟಿಗೆ ಬಿಡಬೇಕು. ಆ ಘಾಟು ಎಳೆಮರಿಗಳಿಗೆ ಕೆಡುಕು, ಮರಿಗಳನ್ನು ವಾಸನೆಯಿಂದ ಗುರುತಿಸುವ ತಾಯಿಗೂ ತೊಡಕು.

ಸ್ಥಳವನ್ನು ಹೆರಿಗೆಗೆ ಎರಡು ವಾರ ಮುಂಚೆಯೇ ಗೊತ್ತುಮಾಡಬೇಕು. ನಾಯಿ ಅಲ್ಲಿ ಮಲಗಿ ತನ್ನದೆಂದುಕೊಳ್ಳಲು ಅಷ್ಟು ಕಾಲ ಬೇಕು. ಹಾಗೆ ಮಾಡದೆ ನೋವು ಬಂದ ರಾತ್ರಿ ಎತ್ತಿ ತಂದು ಕೂಡಿಸಿದರೆ ಅದು ಅಲ್ಲಿ ನಿಲ್ಲುವುದಿಲ್ಲ. ಬಟ್ಟೆಯ ಬೀರುವಿನಲ್ಲಿಯೋ ಮಂಚದ ಕೆಳಗೋ ಹೋಗಿ ಹೆರುತ್ತದೆ. ಆಮೇಲೆ ಅದನ್ನು ಅಪರಾಧಿಯಂತೆ ಗದರಿಸುವುದು ಬೇರೆ! ಜನ ಓಡಾಡದ, ಮನೆಯವರ ದನಿ ಮಾತ್ರ ಕೇಳುವ, ಕಿಟಕಿಯ ಗಾಳಿ ನೇರವಾಗಿ ಬೀಸದ ಒಂದು ಮೂಲೆ ಸಾಕು. ಹಳೆಯ ಮನೆಗಳ ಕಾವಿ ನೆಲ, ಮೊಸಾಯಿಕ್ ನೆಲ, ಈಗಿನ ಗ್ರಾನೈಟು ಎಲ್ಲವೂ ತಣ್ಣಗಿನವೇ. ಆದುದರಿಂದ ಅಡಿಯಲ್ಲಿ ಮರದ ಹಲಗೆ, ಅದರ ಮೇಲೆ ಗೋಣಿಚೀಲ, ಅದರ ಮೇಲೆ ಪೆಟ್ಟಿಗೆ. ತಾಯಿ ಕಾಲು ನೀಡಿ ಮಲಗಿದರೂ ಸುತ್ತ ಜಾಗ ಮಿಗುವಷ್ಟು ಅಗಲ, ತಾಯಿ ದಾಟುವಂತೆ ಮರಿ ದಾಟದಂತೆ ಮುಂದಿನ ಅಂಚಿನ ಎತ್ತರ. ಒಳಗೋಡೆಯ ಸುತ್ತ ನಾಲ್ಕು ಅಂಗುಲ ಎತ್ತರದಲ್ಲಿ ಒಂದು ಪಟ್ಟಿ ಹೊಡೆಸಿದರೆ ತಾಯಿ ಮಗ್ಗುಲಾದಾಗ ಗೋಡೆಗೂ ಬೆನ್ನಿಗೂ ನಡುವೆ ಮರಿ ಅಪ್ಪಚ್ಚಿಯಾಗುವುದು ತಪ್ಪುತ್ತದೆ. ಬಡಗಿಗೆ ಅರ್ಧ ದಿನದ ಕೆಲಸ. ಮೇಲೆ ಹಾಸಲು ವೃತ್ತಪತ್ರಿಕೆಗಳ ದಪ್ಪ ಪದರ, ಹೆರಿಗೆ ಮುಗಿದ ಮೇಲೆ ಒಗೆದ ಹಳೆಯ ಪಂಚೆ ಅಥವಾ ನೂಲಿನ ಸೀರೆ. ಎಳೆ ಬಿಟ್ಟ ಬಟ್ಟೆ ಬೇಡ. ಉಗುರು, ಕಾಲು ಸಿಕ್ಕಿಕೊಳ್ಳುತ್ತವೆ.

ಮೊದಲ ವಾರ ಮರಿಗಳಿರುವಲ್ಲಿ 29ರಿಂದ 32 ಡಿಗ್ರಿ ಸೆಲ್ಸಿಯಸ್ ಇರಬೇಕು. ಆದರೆ ಆ ಬಿಸಿ ತಾಯಿಗೆ ಸಹಿಸದು. ಅದು ಎದ್ದು ಹೊರಟರೆ ಮರಿಗಳ ಗತಿಯೇನು? ಆದುದರಿಂದ ಕಾವು ಪೆಟ್ಟಿಗೆಯ ಒಂದೇ ಮಗ್ಗುಲಿಗಿರಬೇಕು. ಹಿಂದೆ ಒಂದು 60 ವಾಟಿನ ಬಲ್ಬನ್ನು ಇಳಿಬಿಟ್ಟರೆ ಮುಗಿಯುತ್ತಿತ್ತು. ಈಗಿನ ಎಲ್.ಇ.ಡಿ. ದೀಪ ಬೆಳಕನ್ನು ಕೊಡುತ್ತದೆಯೇ ಹೊರತು ಕಾವನ್ನಲ್ಲ. ಇದನ್ನು ಮರೆತು ದೀಪ ಹಚ್ಚಿ ನಿಶ್ಚಿಂತರಾಗುವವರು ಇದ್ದಾರೆ. ಬಿಸಿನೀರಿನ ಚೀಲವನ್ನು ದಪ್ಪ ಬಟ್ಟೆಯಲ್ಲಿ ಸುತ್ತಿ ಇಟ್ಟು ಆಗಾಗ ಬದಲಿಸುವುದು ಉತ್ತಮ. ಮರಿಗಳು ಒಂದರ ಮೇಲೊಂದು ಬಿದ್ದು ಕುಂಯ್‌ಗುಟ್ಟುತ್ತಿದ್ದರೆ ಕಾವು ಸಾಲದು, ದೂರದೂರ ಚೆದುರಿ ಮಲಗಿದ್ದರೆ ಹೆಚ್ಚಾಯಿತು. ಉಷ್ಣಮಾಪಕಕ್ಕಿಂತ ಈ ಲಕ್ಷಣ ನಂಬತಕ್ಕದ್ದು.

ಇರುವೆಯ ಮಾತನ್ನು ಪಾಶ್ಚಾತ್ಯರ ಶ್ವಾನಪಾಲನೆಯ ಪುಸ್ತಕಗಳನ್ನು ಓದಿದವರು ಮರೆಯುತ್ತಾರೆ. ಹೆರಿಗೆಯ ತೇವಕ್ಕೂ ಹಾಲಿನ ಕಂಪಿಗೂ ಈ ಊರಿನಲ್ಲಿ ಇರುವೆ ಬಾರದಿರದು. ಎಳೆಮರಿಯ ಕಣ್ಣಿಗೆ, ಹೊಕ್ಕುಳಿಗೆ ಮುತ್ತಿದರೆ ಪ್ರಾಣಾಪಾಯ. ಹಾಲು ಮೊಸರಿನ ಬೀರುವಿನ ಕಾಲುಗಳನ್ನು ನೀರಿನ ಬಟ್ಟಲಲ್ಲಿ ನಿಲ್ಲಿಸುತ್ತಿದ್ದ ಉಪಾಯವನ್ನೇ ಪೆಟ್ಟಿಗೆಗೂ ಹೂಡಬಹುದು. ಇರುವೆಯ ಸೀಮೆಸುಣ್ಣ ವಿಷ. ತಾಯಿ ನೆಕ್ಕುವ ಎಡೆಯಲ್ಲಿ ಅದು ಸಲ್ಲದು.

ಹೆರಿಗೆಯ ಗಳಿಗೆಯನ್ನು ಮುಂದಾಗಿ ತಿಳಿಯುವ ಉಪಾಯವೊಂದುಂಟು. ಕೊನೆಯ ವಾರ ದಿನಕ್ಕೆರಡು ಬಾರಿ ಗುದದ್ವಾರದಲ್ಲಿ ಉಷ್ಣಮಾಪಕವಿಟ್ಟು ನೋಡುತ್ತಿದ್ದರೆ, ಒಂದು ದಿನ ಅದು 99 ಡಿಗ್ರಿ ಫ್ಯಾರನ್‌ಹೀಟಿಗಿಂತ ಕೆಳಗಿಳಿಯುತ್ತದೆ. ಅಲ್ಲಿಂದ ಸಾಮಾನ್ಯವಾಗಿ ಒಂದು ದಿನದೊಳಗೆ ಹೆರಿಗೆ. ನಾಯಿ ಅನ್ನ ಬಿಡುತ್ತದೆ, ಏದುತ್ತದೆ, ಹಾಸನ್ನು ಕೆರೆದು ಹರಿಯುತ್ತದೆ. ಇದರಲ್ಲಿ ಗಾಬರಿಪಡುವಂಥದು ಏನೂ ಇಲ್ಲ. ಮನೆಯವರಲ್ಲಿ ಅದಕ್ಕೆ ಅತ್ಯಂತ ಆಪ್ತರಾದ ಒಬ್ಬರು ತುಸು ದೂರದಲ್ಲಿ ಸುಮ್ಮನೆ ಕುಳಿತಿದ್ದರೆ ಸಾಕು. ಪೊರೆ ಹರಿಯುವುದು, ಹೊಕ್ಕುಳ ಬಳ್ಳಿ ಕಚ್ಚುವುದು, ಮರಿಯನ್ನು ನೆಕ್ಕಿ ಉಸಿರಾಡಿಸುವುದು, ಮಾಸನ್ನು ತಿನ್ನುವುದು ಎಲ್ಲವನ್ನೂ ತಾಯಿ ಬಲ್ಲದು. ಚೊಚ್ಚಲು ತಾಯಿ ಪೊರೆ ಹರಿಯದೆ ಬೆರಗಾಗಿ ನಿಂತರೆ ಮಾತ್ರ ಕೈ ಹಾಕಿ ಪೊರೆ ತೆಗೆದು, ಒರಟು ಬಟ್ಟೆಯಿಂದ ಉಜ್ಜಬೇಕು. ಮೊದಲ ದಿನದ ಗಿಣ್ಣುಹಾಲು ಪ್ರತಿ ಮರಿಗೂ ಸಿಕ್ಕಿತೇ ಎಂದು ನೋಡಬೇಕು. ರೋಗನಿರೋಧಕ ಶಕ್ತಿ ಬಹುಪಾಲು ಅದರಿಂದಲೇ ಬರುವುದು.

ವೈದ್ಯರನ್ನು ಕರೆಯಬೇಕಾದ ಸಂದರ್ಭಗಳು ಬೇರೆ. ಬಲವಾಗಿ ಮುಕ್ಕುತ್ತಿದ್ದರೂ ಅರ್ಧ ಗಂಟೆಯವರೆಗೆ ಮರಿ ಬಾರದಿದ್ದರೆ, ಒಳಗೆ ಮರಿಯಿದ್ದೂ ಎರಡು ಗಂಟೆ ಕಳೆದರೆ, ಮೊದಲ ಮರಿಗೆ ಮುನ್ನವೇ ಕಡುಹಸಿರು ಸ್ರಾವ ಕಂಡರೆ ಬೆಳಗಾಗಲೆಂದು ಕಾಯುವಂತಿಲ್ಲ. 1958ರಲ್ಲಿ ಆರಂಭವಾದ ಹೆಬ್ಬಾಳದ ಪಶುವೈದ್ಯಕೀಯ ಕಾಲೇಜು ಜಯನಗರಕ್ಕೆ ಊರಿನ ಇನ್ನೊಂದು ತುದಿ. ನಡುರಾತ್ರಿ ಯಾರು ಬರಬಲ್ಲರು, ಎಲ್ಲಿಗೆ ಒಯ್ಯಬೇಕು, ವಾಹನ ಯಾವುದು ಎಂಬುದನ್ನು ಪೆಟ್ಟಿಗೆ ಮಾಡಿಸುವ ದಿನವೇ ವಿಚಾರಿಸಿ ಗೋಡೆಯ ಮೇಲೆ ಬರೆದಿಡುವುದು ಲೇಸು.

ಪ್ರೀತಿಯಿಂದಲೇ ಆಗುವ ಇನ್ನೊಂದು ಅನರ್ಥವಿದೆ. ಗಬ್ಬದ ನಾಯಿಗೆ ಬಲ ಬರಲೆಂದು ಅನೇಕರು ಅಂಗಡಿಯಿಂದ ಸುಣ್ಣಾಂಶದ ಟಾನಿಕ್ಕು ತಂದು ಕುಡಿಸುತ್ತಾರೆ. ಹೊರಗಿನಿಂದ ಧಾರಾಳವಾಗಿ ದೊರೆತಾಗ ಎಲುಬಿನಿಂದ ಸುಣ್ಣಾಂಶ ಒದಗಿಸುವ ದೇಹದ ಸ್ವಂತ ವ್ಯವಸ್ಥೆ ಮಂದವಾಗುತ್ತದೆ. ಹಾಲು ಸುರಿಯುವ ಕಾಲ ಬಂದಾಗ ರಕ್ತದಲ್ಲಿ ಅದು ಒಮ್ಮೆಗೇ ಕುಸಿಯುತ್ತದೆ. ಈದ ಎರಡು ಮೂರು ವಾರಗಳಲ್ಲಿ ತಾಯಿ ಏದುತ್ತ, ಕಾಲು ಸೆಟೆದು, ನಡುಗತೊಡಗಿದರೆ ಅದು ಚಳಿಯಲ್ಲ. ಪೊಮರೇನಿಯನ್‌ನಂತಹ ಸಣ್ಣ ತಳಿಗಳಲ್ಲಿ ಇದು ಹೆಚ್ಚು. ಗಂಟೆಗಳೊಳಗೆ ಚಿಕಿತ್ಸೆ ದೊರೆಯದಿದ್ದರೆ ತಾಯಿ ಉಳಿಯದು. ವೈದ್ಯರು ಹೇಳದೆ ಟಾನಿಕ್ಕು ಬೇಡ. ಒಳ್ಳೆಯ ಊಟ ಸಾಕು.

ಮಕ್ಕಳಿರುವ ಮನೆಗಳಲ್ಲಿ ಇನ್ನೊಂದು ಎಚ್ಚರ ಬೇಕು. ಮರಿ ನೋಡಲು ನೆರೆಹೊರೆಯ ಹುಡುಗರೆಲ್ಲ ಬರುತ್ತಾರೆ. ವರ್ಷಗಟ್ಟಲೆ ಸಾಧುವಾಗಿದ್ದ ನಾಯಿ ಆ ದಿನಗಳಲ್ಲಿ ಕಚ್ಚಬಹುದು. ಅದಕ್ಕೆ ಬುದ್ಧಿ ಕೆಟ್ಟಿತೆಂದಲ್ಲ, ತಾಯಿತನ ಬಂದಿತೆಂದು ಅರ್ಥ. ಮರಿಗಳ ಕಣ್ಣು ಬಿಡುವವರೆಗೆ, ಅಂದರೆ ಹತ್ತು ಹದಿನಾಲ್ಕು ದಿನ, ಹೊರಗಿನವರಿಗೆ ಆ ಕೋಣೆಯ ಬಾಗಿಲು ಮುಚ್ಚಿರಲಿ. ಇದನ್ನು ಉಪಾಧ್ಯಾಯರು ತರಗತಿಯಲ್ಲಿ ಒಮ್ಮೆ ಹೇಳಿದರೆ ಮನೆಯವರು ನೂರು ಬಾರಿ ಹೇಳಿದ್ದಕ್ಕಿಂತ ಹೆಚ್ಚು ನಾಟುತ್ತದೆ.

ಇಷ್ಟಕ್ಕೆಲ್ಲ ಜಾಗವಿಲ್ಲ, ಬಿಡುವಿಲ್ಲ ಎಂಬುವರ ಮಾತನ್ನು ಅಲ್ಲಗಳೆಯುವಂತಿಲ್ಲ. ಎರಡು ಕೋಣೆಯ ಮನೆಯಲ್ಲಿ ಗಂಡಹೆಂಡಿರಿಬ್ಬರೂ ನೌಕರಿಗೆ ಹೋಗುವಾಗ ಇದು ಕಷ್ಟಸಾಧ್ಯ. ಆದರೆ ಅಂತಹ ಮನೆಯವರು ‘ಒಂದು ಸಲ ಮರಿ ಹಾಕಲಿ’ ಎಂಬ ಆಸೆಯನ್ನು ಬಿಟ್ಟು ನಾಯಿಗೆ ಸಂತಾನಹರಣ ಶಸ್ತ್ರಚಿಕಿತ್ಸೆ ಮಾಡಿಸುವುದೇ ನ್ಯಾಯ. ಒಂದು ಸಲ ಹೆತ್ತರೆ ನಾಯಿಯ ಆರೋಗ್ಯಕ್ಕೆ ಒಳ್ಳೆಯದೆಂಬುದು ಆಧಾರವಿಲ್ಲದ ನಂಬಿಕೆ. ಎಂಟು ವಾರ ತುಂಬದ ಮರಿಯನ್ನು ಮಾರಕೂಡದೆಂದು 2017ರ ನಿಯಮಗಳೇ ಹೇಳುತ್ತವೆ; ಆ ಎಂಟು ವಾರಗಳನ್ನು ಕೊಡಲಾರದವರು ಮರಿಗಳನ್ನು ಬಯಸುವುದೇ ತಪ್ಪು. 2023ರ ಎಣಿಕೆಯಲ್ಲಿ ಬೆಂಗಳೂರಿನ ಬೀದಿಗಳಲ್ಲಿ ಸುಮಾರು 2.79 ಲಕ್ಷ ನಾಯಿಗಳಿದ್ದವು. ಯಾರೂ ಒಯ್ಯದ ಮನೆಮರಿಗಳು ಕೊನೆಗೆ ಸೇರುವುದು ಆ ಗುಂಪಿಗೇ.

ಹೇಳದೆ ಕೇಳದೆ ಬಂದು ವರಾಂಡದ ಮೂಲೆಯಲ್ಲಿ ಈಯುವ ಬೀದಿಯ ತಾಯಿಯ ಮಾತು ಬೇರೆ. ಅದು ತಾನೇ ಆರಿಸಿಕೊಂಡ ಸ್ಥಳದಿಂದ ಅದನ್ನು ಕದಲಿಸದಿರುವುದೇ ದೊಡ್ಡ ಉಪಕಾರ. ಮರಿಗಳನ್ನು ಎತ್ತಿ ಪಾರ್ಕಿನಲ್ಲಿ ಬಿಟ್ಟುಬರುವುದು ಕೊಂದಂತೆಯೇ. ಎರಡು ಗೋಣಿಚೀಲ, ಮೇಲಿನಿಂದ ಇಬ್ಬನಿ ಬೀಳದಂತೆ ಒಂದು ತಗಡು ಅಥವಾ ರಟ್ಟು, ಒಂದು ಮಾರು ದೂರದಲ್ಲಿ ನೀರು ಮತ್ತು ಅನ್ನ. ಕಾರು ತೆಗೆಯುವ ಮುನ್ನ ಚಕ್ರದಡಿ ಬಗ್ಗಿ ನೋಡುವ ಅಭ್ಯಾಸ. ಮರಿಗಳು ಹಾಲು ಬಿಟ್ಟ ಮೇಲೆ ತಾಯಿಗೆ ಶಸ್ತ್ರಚಿಕಿತ್ಸೆಯನ್ನೂ, ತಾಯಿಗೂ ಮರಿಗಳಿಗೂ ವಯಸ್ಸಿಗೆ ತಕ್ಕ ಲಸಿಕೆಯನ್ನೂ ಮಾಡಿಸಬೇಕು. ಅಲ್ಲಿಯವರೆಗೆ ವರಾಂಡವನ್ನು ಬಕೆಟ್ಟು ನೀರು ಹೊಯ್ದು ತೊಳೆಯದೆ, ಒದ್ದೆ ಬಟ್ಟೆಯಿಂದ ಆ ಮೂಲೆ ಬಿಟ್ಟು ಒರೆಸಿಕೊಂಡರಾಯಿತು.